ನಾಚಿಕುಪ್ಪಂ ಟಿಕೆಟ್ ಒಂದು

ಹೊಸೂರು ಬಸ್ ಸ್ಟ್ಯಾಂಡು, ಬೆಳಗಿನ ಏಳು ಗಂಟೆ. ಅತ್ತಿಬೆಲೆ ದಾಟಿ ಬಂದು ಈಗಷ್ಟೇ ಇಳಿದಿದ್ದೀರಿ. ಕಾಲ ಬುಡದಲ್ಲಿ ಗುಲಾಬಿ ಎಸಳು ಉದುರಿವೆ. ಯಾರದೋ ಹೂವಿನ ಮೂಟೆ ಬಸ್ಸಿಗೆ ಏರುವಾಗ ಬಾಯಿ ಬಿಚ್ಚಿಕೊಂಡಿರಬೇಕು. ಎದುರಿನ ಬೋರ್ಡಿನ ಮೇಲೆ ತಮಿಳು ಅಕ್ಷರದಲ್ಲಿ ಊರಿನ ಹೆಸರು: ಓಸೂರ್. ತಮಿಳಿನ ನಾಲಿಗೆಗೆ ಹಕಾರ ಒಗ್ಗದು, ಅದನ್ನು ಬಾಗಿಲಲ್ಲೇ ಕಳಚಿಟ್ಟು ಒಳಗೆ ಬಂದಿದೆ ನಮ್ಮ ಹೊಸ ಊರು.

ಕೃಷ್ಣಗಿರಿ ಬಸ್ಸು ಹತ್ತಿ ಕಿಟಕಿ ಪಕ್ಕ ಕೂರುತ್ತೀರಿ. ಕಂಡಕ್ಟರ್ ಮುಂದಿನ ಸೀಟಿನ ಮುದುಕಿಯನ್ನು ತೆಲುಗಿನಲ್ಲಿ ಮಾತಾಡಿಸುತ್ತಾನೆ, ನಿಮ್ಮ ಮುಖ ನೋಡಿದ್ದೇ "ಎಲ್ಲಿಗೆ ಸಾರ್?" ಎನ್ನುತ್ತಾನೆ, ಹಿಂದೆ ತಿರುಗಿ ಬಾಗಿಲಲ್ಲಿ ಜೋತುಬಿದ್ದ ಹುಡುಗರನ್ನು ತಮಿಳಿನಲ್ಲಿ ಗದರುತ್ತಾನೆ. ಮೂರು ಭಾಷೆ, ಒಂದೇ ಉಸಿರು. ಗೇರು ಬದಲಿಸಿದ ಸದ್ದೂ ಕೇಳಿಸದು. ನೀವು ಕೊಟ್ಟದ್ದು ದೊಡ್ಡ ನೋಟು, ಅವನ ಹತ್ತಿರ ಚಿಲ್ಲರೆ ಇಲ್ಲ. ಟಿಕೆಟ್ಟನ್ನು ಹಿಂದುಮುಂದು ಮಾಡಿ, ಅದರ ಬೆನ್ನ ಮೇಲೆ ಪೆನ್ನಿನಿಂದ ಬಾಕಿ ಎಷ್ಟೆಂದು ಬರೆದು, ಸುತ್ತ ಒಂದು ಸೊನ್ನೆ ಸುತ್ತಿ ಕೊಡುತ್ತಾನೆ. "ಇಳಿಯೋವಾಗ ಇಸ್ಕೊಳ್ಳಿ." ಎರಡು ವಿಸಿಲ್. ಬಸ್ಸು ಹೊರಟಿತು.

ಈ ಕಂಡಕ್ಟರ್‌ನನ್ನು ಸ್ವಲ್ಪ ಗಮನಿಸಿ ನೋಡಿ. ಬಸ್ಸು ಎತ್ತ ವಾಲಿದರೂ ಅವನು ಕಂಬ ಹಿಡಿಯುವುದಿಲ್ಲ. ಸೊಂಟವನ್ನು ಸೀಟಿನ ಅಂಚಿಗೆ ಆನಿಸಿ ಎರಡೂ ಕೈ ಬಿಡುವು ಮಾಡಿಕೊಂಡಿದ್ದಾನೆ. ನೋಟನ್ನು ಉದ್ದುದ್ದ ಮಡಿಚಿ ಬೆರಳ ಸಂದಿಯಲ್ಲಿ ಸಿಕ್ಕಿಸಿದ್ದಾನೆ: ಹತ್ತರದ್ದು ಒಂದು ಸಂದಿ, ಇಪ್ಪತ್ತರದ್ದು ಇನ್ನೊಂದು. ಐವತ್ತು ಜನ ನೋಡುತ್ತಿರುವಾಗ ನಿಂತು ಮಾಡುವ ಕೆಲಸ ಇದು. ಕೆಲವರಿಗೆ ಅದು ಬರೀ ಕೆಲಸ. ಕೆಲವರಿಗೆ ಬಸ್ಸಿನ ನಡುವಿನ ಆ ಓಣಿಯೇ ರಂಗಸ್ಥಳ.

ಬಸ್ಸು ಬದಲಿಸೋಣ.

ಇದು 1972ರ ಸುಮಾರಿನ ಬೆಂಗಳೂರು, ಬಿಟಿಎಸ್ ಬಸ್ಸು, 10ಎ, ಶ್ರೀನಗರದಿಂದ ಮೆಜೆಸ್ಟಿಕ್ಕಿಗೆ. ಸ್ಟಿಯರಿಂಗ್ ಹಿಂದೆ ರಾಜಬಹದ್ದೂರ್. ನಡುವೆ ಕಾಕಿ ತೊಟ್ಟ ಕಪ್ಪು ಬಣ್ಣದ ತೆಳ್ಳನೆ ಹುಡುಗ, ಹೆಗಲಿಗೆ ಚರ್ಮದ ಬ್ಯಾಗು. ಹೆಸರು ಶಿವಾಜಿರಾವ್ ಗಾಯಕ್‌ವಾಡ್. ಹಣೆಗೆ ಬಿದ್ದ ಕೂದಲನ್ನು ಬೆರಳಿನಿಂದ ಹಿಂದಕ್ಕೆ ಎಸೆಯುತ್ತಾನೆ. ಕೂದಲು ಮತ್ತೆ ಹಣೆಗೆ ಬೀಳುತ್ತದೆ. ಬೀಳಲಿ ಎಂದೇ ಬಿಟ್ಟಿದ್ದಾನೇನೋ ಎಂದು ನಿಮಗೆ ಅನುಮಾನ. ಟಿಕೆಟ್ ಹರಿಯುವಾಗ ಮಣಿಕಟ್ಟಿನಲ್ಲಿ ಒಂದು ಝಟಕಾ. ಚಿಲ್ಲರೆ ಅಂಗೈಗೆ ಬೀಳುವಷ್ಟರಲ್ಲಿ ಅವನು ನಾಲ್ಕು ಸೀಟು ಮುಂದೆ. ಹಿಂದೆ ಇನ್ನೊಂದು ಬಸ್ಸು ಖಾಲಿ ಬಂದರೂ ಜನ ಇವನ ಬಸ್ಸಿಗೇ ಕಾಯುತ್ತಿದ್ದರು ಎನ್ನುವುದು ರಾಜಬಹದ್ದೂರ್ ಮುಂದೆ ನೂರಾರು ಸಲ ಹೇಳಿದ ಮಾತು. ಗೆಳೆಯನ ಮಾತು, ನಾಲ್ಕಾಣೆ ಹೆಚ್ಚು ಸೇರಿರಬಹುದು. ಆದರೆ ಮಣಿಕಟ್ಟಿನ ಝಟಕಾ ಸುಳ್ಳಲ್ಲ, ಅದನ್ನು ಆಮೇಲೆ ಲಕ್ಷಾಂತರ ಜನ ದುಡ್ಡು ಕೊಟ್ಟು ನೋಡಿದರು.

ಹುಡುಗ ಹುಟ್ಟಿದ್ದು 1950ರ ಡಿಸೆಂಬರ್ 12ರಂದು, ಬೆಂಗಳೂರಿನಲ್ಲೇ. ಅಪ್ಪ ರಾಮೋಜಿರಾವ್ ಪೊಲೀಸ್ ಕಾನ್‌ಸ್ಟೇಬಲ್. ಅಮ್ಮ ಜೀಜಾಬಾಯಿ ಸಣ್ಣವನಿದ್ದಾಗಲೇ ತೀರಿಕೊಂಡರು. ನಾಲ್ಕು ಮಕ್ಕಳಲ್ಲಿ ಇವನೇ ಕೊನೆಯವನು. ಮನೆಯೊಳಗೆ ಮರಾಠಿ, ಗವಿಪುರದ ಸರ್ಕಾರಿ ಶಾಲೆಯಲ್ಲಿ ಕನ್ನಡ, ಹನುಮಂತನಗರದ ಬೀದಿಯಲ್ಲಿ ಏನು ಬೇಕೋ ಅದು. ಪುಂಡಾಟ ಮಿತಿ ಮೀರಿದಾಗ ಅಣ್ಣ ಸತ್ಯನಾರಾಯಣರಾವ್ ಅವನನ್ನು ರಾಮಕೃಷ್ಣ ಆಶ್ರಮಕ್ಕೆ ಸೇರಿಸಿದ. ಅಲ್ಲಿ ವೇದಪಾಠದ ಜೊತೆಗೆ ನಾಟಕವೂ ಸಿಕ್ಕಿತು. ಏಕಲವ್ಯನ ಗೆಳೆಯನಾಗಿ ಆಡಿದ್ದನ್ನು ನೋಡಿ ದ.ರಾ. ಬೇಂದ್ರೆಯವರು ಬೆನ್ನು ತಟ್ಟಿದ್ದರಂತೆ. ಬಿಟಿಎಸ್ ಸೇರುವ ಮುಂಚೆ ಕೂಲಿಯೂ ಸೇರಿದಂತೆ ಕೈಗೆ ಸಿಕ್ಕ ಕೆಲಸಗಳನ್ನೆಲ್ಲ ಮಾಡಿ ಬಿಟ್ಟಿದ್ದಾನೆ. ಪೌರಾಣಿಕ ನಾಟಕದಲ್ಲಿ ದುರ್ಯೋಧನ ಅವನಿಗೆ ಒಲಿದ ಪಾತ್ರ. ದುರ್ಯೋಧನನಿಗೆ ನಡಿಗೆ ಬೇಕು, ತೊಡೆ ಬೇಕು, ಗದೆ ಎತ್ತುವ ತೋಳು ಬೇಕು, ನಾಲಿಗೆ ಆಮೇಲೆ. ಈ ಮಾತು ನೆನಪಿರಲಿ, ಮದ್ರಾಸಿನಲ್ಲಿ ಬೇಕಾಗುತ್ತದೆ.

ರಾಜಬಹದ್ದೂರ್ ಡ್ರೈವರ್ ಸೀಟಿನಿಂದ ಕನ್ನಡಿಯಲ್ಲಿ ಹುಡುಗನ ಆಟವನ್ನೆಲ್ಲ ನೋಡುತ್ತಲೇ ಇದ್ದ. ಸಿನಿಮಾಕ್ಕೆ ಹೋಗು ಎಂದು ಹಿಂದೆ ಬಿದ್ದವನು ಅವನೇ. ಮನೆಯವರಿಗೆ ಅರ್ಧ ಮನಸ್ಸು. ಇದ್ದ ಸರ್ಕಾರಿ ಕೆಲಸ ಬಿಟ್ಟು ಬಣ್ಣ ಹಚ್ಚಲು ಹೊರಡುವ ಮಗನನ್ನು ಯಾವ ಮನೆ ಕುಂಕುಮ ಇಟ್ಟು ಕಳಿಸೀತು? 1973ರಲ್ಲಿ ಮದ್ರಾಸಿನ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ನಟನೆಯ ಕೋರ್ಸಿಗೆ ಸೇರುತ್ತಾನೆ. ಊಟಕ್ಕೆ, ರೂಮಿಗೆ ಬೆಂಗಳೂರಿನಿಂದ ದುಡ್ಡು ಬರುತ್ತದೆ. ಬಸ್ಸು ಓಡಿಸುವವನ ಸಂಬಳದಲ್ಲಿ ಒಂದು ಪಾಲು.

ಈಗ ಇನ್‌ಸ್ಟಿಟ್ಯೂಟಿನ ಹಾಲಿನಲ್ಲಿ ಹಿಂದಿನ ಬೆಂಚು. ಕಪ್ಪು ದಪ್ಪ ಫ್ರೇಮಿನ ಕನ್ನಡಕ ಹಾಕಿದ ಒಬ್ಬರು ಒಳಗೆ ಬರುತ್ತಾರೆ. ಕೆ. ಬಾಲಚಂದರ್. ಅವರೂ ಒಂದು ಕಾಲದಲ್ಲಿ ಸರ್ಕಾರಿ ನೌಕರರೇ, ಅಕೌಂಟೆಂಟ್ ಜನರಲ್ ಕಚೇರಿಯಲ್ಲಿ ಫೈಲು ತಿರುವಿ ಹಾಕುತ್ತ ಸಂಜೆ ನಾಟಕ ಕಟ್ಟಿದವರು. ಗುಮಾಸ್ತನ ಕಣ್ಣು ಕಂಡಕ್ಟರ್ ಮೇಲೆ ಬೀಳುತ್ತದೆ. ಏನಾದರೂ ಮಾಡಿ ತೋರಿಸು ಎಂದಾಗ ಹುಡುಗ ಗಿರೀಶ ಕಾರ್ನಾಡರ 'ತುಘಲಕ್'ನಿಂದ ಒಂದು ತುಣುಕನ್ನು ಕನ್ನಡದಲ್ಲೇ ಆಡಿದ ಎಂದು ಹೇಳುತ್ತಾರೆ. ಬಾಲಚಂದರರಿಗೆ ಎಷ್ಟು ಅರ್ಥವಾಯಿತೋ. ಅವರು ಕೇಳಿದ್ದು ಒಂದೇ: ತಮಿಳು ಕಲಿ.

ಇಲ್ಲಿ ಸ್ವಲ್ಪ ನಿಲ್ಲಬೇಕು. ತಮಿಳು ಸಿನಿಮಾ ಎಂದರೆ ಆಗ ಮಾತು. ನಾಟಕ ಕಂಪನಿಗಳಿಂದ ಬಂದ ನಟರು ಅರ್ಧ ಪುಟದ ಸಂಭಾಷಣೆಯನ್ನು ಏರಿಳಿತದಲ್ಲಿ ಹೇಳಿ ಚಪ್ಪಾಳೆ ಗಿಟ್ಟಿಸುವ ಕಾಲ ಅದು. ಶಿವಾಜಿ ಗಣೇಶನ್ ಹಾಗೆ ಕಟ್ಟಿದ ಕೋಟೆ. ಅದರೊಳಗೆ ಮರಾಠಿ ಮನೆಯ, ಕನ್ನಡ ಶಾಲೆಯ, ಎರವಲು ತಮಿಳಿನ ಹುಡುಗ. ಮಾತಿನಲ್ಲಿ ಗೆಲ್ಲುವ ಹಾಗಿಲ್ಲ. ಹಾಗಾದರೆ ಅವನ ಬಳಿ ಇದ್ದದ್ದೇನು? 10ಎ ಬಸ್ಸಿನಲ್ಲಿ ಪಳಗಿದ ಎರಡು ಕೈ, ವಾಲುವ ನೆಲದ ಮೇಲೆ ನೆಟ್ಟಗೆ ನಡೆದು ಅಭ್ಯಾಸವಾದ ಕಾಲು, ಯಾವ ಭಾಷೆಯವನೇ ಬರಲಿ ಅರೆಕ್ಷಣದಲ್ಲಿ ಅವನ ಗಮನ ಸೆಳೆಯುವ ಕಲೆ. ಮಾತನ್ನು ತಡವರಿಸುವ ಬದಲು ಬೇಗಬೇಗ ಹೇಳಿ ಮುಗಿಸಿ, ಉಳಿದದ್ದನ್ನು ಕೈಗೆ ಬಿಟ್ಟ. 'ಸ್ಟೈಲ್' ಎಂದು ಜನ ಕರೆದದ್ದರ ಬೇರು ಇಲ್ಲೇ ಇದೆ ಎಂದು ನನ್ನ ಎಣಿಕೆ. ಸ್ವಂತದ್ದಲ್ಲದ ಭಾಷೆಯಲ್ಲಿ ಬದುಕಬೇಕಾದವನು ಮೈಯನ್ನು ಮಾತಾಡಿಸುತ್ತಾನೆ. ಗಡಿಯ ಸಂತೆಗಳಲ್ಲಿ ಇದನ್ನು ದಿನಾ ನೋಡಬಹುದು.

1975ರ ಹೋಳಿ ಹಬ್ಬದ ದಿನ ಹೆಸರು ಬದಲಾಯಿತು. ಶಿವಾಜಿ ಎಂಬ ಹೆಸರಿನ ದೊಡ್ಡವರು ಆಗಲೇ ಒಬ್ಬರಿದ್ದರಲ್ಲ. ಬಾಲಚಂದರ್ ತಮ್ಮದೇ 'ಮೇಜರ್ ಚಂದ್ರಕಾಂತ್' ಚಿತ್ರದ ಒಂದು ಪಾತ್ರದ ಹೆಸರನ್ನು ಎತ್ತಿ ಕೊಟ್ಟರು: ರಜನಿಕಾಂತ್. ಕಪ್ಪು ಹುಡುಗನಿಗೆ ಇರುಳಿನ ಬಣ್ಣದ ಹೆಸರು.

ಅದೇ ವರ್ಷದ ಆಗಸ್ಟು. ಥಿಯೇಟರಿನ ಕತ್ತಲಲ್ಲಿ ನೀವೂ ಕೂತಿದ್ದೀರಿ. 'ಅಪೂರ್ವ ರಾಗಂಗಳ್', ಕಪ್ಪು ಬಿಳುಪು. ಕಮಲ್ ಹಾಸನ್, ಶ್ರೀವಿದ್ಯಾ, ಜಯಸುಧಾ, ಮೇಜರ್ ಸುಂದರರಾಜನ್. ಹಾಡುಗಾರ್ತಿ ಭೈರವಿಯನ್ನು ಅವಳಿಗಿಂತ ಚಿಕ್ಕ ಹುಡುಗ ಪ್ರೀತಿಸುತ್ತಾನೆ, ಅವನ ಅಪ್ಪನನ್ನು ಅವಳ ಮಗಳು ಬಯಸುತ್ತಾಳೆ. ಬೇತಾಳ ಕೇಳುವ ಪ್ರಶ್ನೆಯಂಥ ಗಂಟು. ಗಂಟು ಬಿಗಿಯಾಗುತ್ತಿರುವಾಗ ಪರದೆಯ ಮೇಲೆ ಒಂದು ಗೇಟು. ಹೊರಗಿನಿಂದ ಎರಡು ಕೈ ಅದನ್ನು ತಳ್ಳುತ್ತವೆ. ಗಡ್ಡ ಬಿಟ್ಟ, ಮಾಸಿದ ಬಟ್ಟೆಯ ಒಬ್ಬ ಒಳಗೆ ಕಾಲಿಡುತ್ತಾನೆ. ಪಾಂಡಿಯನ್, ಭೈರವಿಯಿಂದ ಯಾವತ್ತೋ ದೂರವಾದ ಗಂಡ. ಅವನಿಗೆ ಕ್ಯಾನ್ಸರ್, ಉಳಿದಿರುವುದು ಕೆಲವೇ ದಿನ. ಭೈರವಿಯ ಮನೆ ಇದೇ ತಾನೇ ಎಂದು ವಿಚಾರಿಸುತ್ತಾನೆ. ಪರದೆಯ ಮೇಲೆ ಅಕ್ಷರ ಮೂಡುತ್ತದೆ: ಶ್ರುತಿಭೇದ. ಸಂಗೀತದ ಸಿನಿಮಾದಲ್ಲಿ ಅಪಸ್ವರವಾಗಿ ಬಂದವನು.

ಸಿಕ್ಕ ಹೊತ್ತು ಬಹಳ ಕಡಿಮೆ. ನಿಮ್ಮ ಪಕ್ಕದವನು ಅವನ ಹೆಸರನ್ನೂ ಕೇಳಲಿಲ್ಲ. ಆದರೆ ಗೇಟು ತಳ್ಳಿದ ರೀತಿ ನೋಡಿ: ಒಂದು ರೆಕ್ಕೆ ಸಾಕಿತ್ತು, ಅವನು ಎರಡನ್ನೂ ತಳ್ಳಿದ. ಬಸ್ಸಿನ ಬಾಗಿಲು ತೆರೆದು ಅಭ್ಯಾಸವಾದ ಕೈಗೆ ಗೇಟು ಯಾವ ಲೆಕ್ಕ.

ಆ ಚಿತ್ರಕ್ಕೆ ತಮಿಳಿನ ಅತ್ಯುತ್ತಮ ಚಿತ್ರ ಎಂಬ ರಾಷ್ಟ್ರಪ್ರಶಸ್ತಿ ಬಂತು. ಗೇಟು ತಳ್ಳಿದವನಿಗೆ ಮುಂದಿನ ಕರೆ ಬಂದದ್ದು ಕನ್ನಡದಿಂದ. ಪುಟ್ಟಣ್ಣ ಕಣಗಾಲರ 'ಕಥಾ ಸಂಗಮ', ಮೂರು ಕಥೆಗಳ ಚಿತ್ರ, 1976. ಮೂರನೆಯದು 'ಮುನಿತಾಯಿ'. ಆರತಿ ಕುರುಡಿ. ಅವಳ ಮೇಲೆ ಕಣ್ಣು ಹಾಕುವ ಕೊಂಡಾಜಿ ನಮ್ಮ ಕಂಡಕ್ಟರ್. ಇದೊಂದು ವಿಚಿತ್ರ ಪರೀಕ್ಷೆ ಎಂದು ನನಗೆ ಯಾವಾಗಲೂ ಅನ್ನಿಸಿದೆ. ಕೈಬೀಸು, ಕಣ್ಣೋಟ, ಕೂದಲು ಎಲ್ಲವೂ ನೋಡುವವರಿಗಾಗಿ ಇರುವಂಥವು. ಎದುರಿಗಿರುವ ಹೆಂಗಸಿಗೆ ಕಣ್ಣಿಲ್ಲ. ಅವನ ಬಂಡವಾಳವೆಲ್ಲ ಅವಳ ಮುಂದೆ ಚಲಾವಣೆ ಇಲ್ಲದ ನೋಟು. ಹಾಗಾಗಿ ಕೊಂಡಾಜಿ ಏನು ಮಾಡಿದರೂ ಪ್ರೇಕ್ಷಕನಿಗೆ ಮಾತ್ರ ಕಾಣುತ್ತದೆ, ಅವಳಿಗೆ ಕಾಣುವುದಿಲ್ಲ. ನಮ್ಮ ಮೈ ಜುಮ್ಮೆನ್ನುವುದು ಅದಕ್ಕೇ. ನಾವು ನೋಡುತ್ತಿದ್ದೇವೆ, ಕೂಗಿ ಹೇಳಲಾರೆವು.

ಆಮೇಲೆ ಓಟ. 'ಮೂನ್ರು ಮುಡಿಚ್ಚು'ವಿನಲ್ಲಿ ಗೆಳೆಯ ನೀರಿನಲ್ಲಿ ಮುಳುಗುತ್ತಿದ್ದರೂ ದೋಣಿಯಲ್ಲಿ ಸುಮ್ಮನೆ ಕೂತ ಕೇಡಿಗ. ಸಿಗರೇಟು ಗಾಳಿಯಲ್ಲಿ ತಿರುಗಿ ತುಟಿಗೆ ಬಂದು ಕೂರುವ ಆಟ ಅಲ್ಲಿ ಜನರ ಕಣ್ಣಿಗೆ ಬಿತ್ತು. ಭಾರತಿರಾಜಾರ '16 ವಯದಿನಿಲೆ'ಯಲ್ಲಿ ಹಳ್ಳಿಯ ಪೋಲಿ ಪರಟ್ಟೈ. ತೆಲುಗಿನ 'ಚಿಲಕಮ್ಮ ಚೆಪ್ಪಿಂದಿ'ಯಲ್ಲಿ ನಾಯಕ. 1977ನೇ ಇಸವಿಯೊಂದರಲ್ಲೇ ತಮಿಳು, ತೆಲುಗು, ಕನ್ನಡ ಸೇರಿ ಡಜನ್‌ಗಿಂತ ಹೆಚ್ಚು ಚಿತ್ರ. ಕನ್ನಡದಲ್ಲಿ ವಿಷ್ಣುವರ್ಧನ್ ಜೊತೆ 'ಸಹೋದರರ ಸವಾಲ್', 'ಗಲಾಟೆ ಸಂಸಾರ', ಮರುವರ್ಷ 'ಕಿಲಾಡಿ ಕಿಟ್ಟು'. ಒಂದು ಸೆಟ್ಟಿನಿಂದ ಇನ್ನೊಂದಕ್ಕೆ, ಒಂದು ಭಾಷೆಯಿಂದ ಇನ್ನೊಂದಕ್ಕೆ, ನಡುವೆ ಕಾರಿನಲ್ಲಿ ನಿದ್ದೆ. ಈ ಭಾಷೆ ಬದಲಿಸುವ ಆಟ ಅವನಿಗೆ ಹೊಸದಲ್ಲ, ಸ್ಟೇಜು ಮಾತ್ರ ಬೇರೆ.

1978ರಲ್ಲಿ ಬಾಲಚಂದರ್ ಒಂದೇ ಕಥೆಯನ್ನು ಎರಡು ಭಾಷೆಯಲ್ಲಿ ತೆಗೆದರು. ತಮಿಳಿಗೆ 'ತಪ್ಪು ತಾಳಂಗಳ್', ಕನ್ನಡಕ್ಕೆ 'ತಪ್ಪಿದ ತಾಳ'. ಮೊದಲ ಚಿತ್ರದಲ್ಲಿ ಶ್ರುತಿ ತಪ್ಪಿಸಿದವನು ಈಗ ತಾಳ ತಪ್ಪಿದವನು, ಒಬ್ಬ ರೌಡಿ, ಜೊತೆಗೆ ಸರಿತಾ. ಅದೇ ವರ್ಷ ಮಹೇಂದ್ರನ್‌ರ 'ಮುಳ್ಳುಂ ಮಲರುಂ' ಬಂತು. ಅದನ್ನು ನೋಡಿದ ಮೇಲೆ ಇವನಿಗೆ ಸ್ಟೈಲ್ ಬಿಟ್ಟು ಬೇರೇನೂ ಬರದು ಎನ್ನುವವರ ಬಾಯಿ ಕಟ್ಟಿತು. ಅದೇ ವರ್ಷವೇ ತಮಿಳಿನಲ್ಲಿ ಒಬ್ಬನೇ ನಾಯಕನಾಗಿ ನಿಂತ ಮೊದಲ ಚಿತ್ರವೂ ತೆರೆಕಂಡಿತು. ಹೆಸರು ನೋಡಿ: 'ಭೈರವಿ'. ಮೂರು ವರ್ಷದ ಹಿಂದೆ ಗೇಟಿನಲ್ಲಿ ನಿಂತು ಯಾರ ಮನೆ ವಿಚಾರಿಸಿದ್ದನೋ ಅವಳದೇ ಹೆಸರು. ಅದರ ಹಂಚಿಕೆದಾರರು ಮದ್ರಾಸಿನಲ್ಲಿ ಆಳೆತ್ತರ ಮೀರಿದ ಕಟೌಟ್ ನಿಲ್ಲಿಸಿ, ಪೋಸ್ಟರಿನಲ್ಲಿ 'ಸೂಪರ್ ಸ್ಟಾರ್' ಎಂದು ಬರೆಸಿದರು. ಬಿಟಿಎಸ್ ಬ್ಯಾಗು ಇಳಿಸಿ ಐದು ವರ್ಷವಾಗಿತ್ತು.

ಇತ್ತ ನಿಮ್ಮ ಕೃಷ್ಣಗಿರಿ ಬಸ್ಸು ಶೂಲಗಿರಿ ದಾಟಿದೆ. ಕಿಟಕಿಯಾಚೆ ಮಾವಿನ ತೋಪು, ತೋತಾಪುರಿ. ನಡುನಡುವೆ ಬಂಡೆ ಹೊದ್ದ ಗುಡ್ಡಗಳು. ಕೃಷ್ಣಗಿರಿಯಲ್ಲಿ ಇಳಿದು ವೇಪ್ಪನಹಳ್ಳಿಯ ಟೌನ್ ಬಸ್ಸು ಹಿಡಿಯುತ್ತೀರಿ. ಬೋರ್ಡಿನ ಮೇಲೊಮ್ಮೆ ಹಳ್ಳಿ, ಅಂಗಡಿಯ ಮೇಲೊಮ್ಮೆ ಪಳ್ಳಿ. ಪಕಾರ ಹಕಾರವಾದ ಸಾವಿರ ವರ್ಷದ ಕಥೆಯನ್ನು ವ್ಯಾಕರಣದ ಪುಸ್ತಕದಲ್ಲಿ ಓದಿದ್ದೀರಿ. ಇಲ್ಲಿ ಅದು ಇನ್ನೂ ತೀರ್ಮಾನವಾಗದ ವ್ಯಾಜ್ಯ. ಮಾರ್ಕಂಡೇಯ ನದಿ ಪಕ್ಕದಲ್ಲೇ ಇದೆ, ಕೋಲಾರದ ಕಡೆಯಿಂದ ಇಳಿದು ಬಂದದ್ದು. ಒಂದು ದಿಕ್ಕಿಗೆ ಕರ್ನಾಟಕ, ಇನ್ನೊಂದು ದಿಕ್ಕಿಗೆ ಆಂಧ್ರ. ಹಸು ದಾರಿ ತಪ್ಪಿದರೆ ರಾಜ್ಯ ತಪ್ಪುತ್ತದೆ.

ನಾಚಿಕುಪ್ಪಂ ಈ ಮೂಲೆಯ ಹಳ್ಳಿ. ರಜನಿಯ ಅಪ್ಪ ರಾಮೋಜಿರಾವ್ ಅವರ ಪೂರ್ವಜರು ಪುಣೆ ಕಡೆಯ ಮಾವಡಿ ಕಡೆಪಠಾರದವರು; ಬಸವನ ಬಾಗೇವಾಡಿಯ ಮೇಲೆ ಹಾದು ಇಲ್ಲಿಗೆ ಬಂದು ನೆಲೆಸಿದರೆಂದು ಮನೆತನದ ಕಥೆ. ಈ ಸೀಮೆಗೆ ಮರಾಠಿ ಹೊಸತೇನಲ್ಲ. ಹದಿನೇಳನೇ ಶತಮಾನದಲ್ಲಿ ಬಿಜಾಪುರದ ಸುಲ್ತಾನರಿಂದ ಬೆಂಗಳೂರನ್ನು ಜಹಗೀರಾಗಿ ಪಡೆದ ಷಹಾಜಿ ಭೋಸಲೆ ಆಳಿದ ಸೀಮೆ ಇದಕ್ಕೆ ನೆರೆ. ಆ ಷಹಾಜಿಯ ಮಗನ ಹೆಸರನ್ನು ಕಾನ್‌ಸ್ಟೇಬಲ್ ಕೊನೆಯ ಮಗನಿಗೆ ಇಟ್ಟ, ಹೆಂಡತಿಯ ಹೆಸರು ಹೇಗೂ ಜೀಜಾಬಾಯಿ. ಮಗ ಮಾತ್ರ ಆ ಹೆಸರನ್ನು ಮದ್ರಾಸಿನಲ್ಲಿ ಕಳಚಿದ.

ಊರಿನಲ್ಲಿ ಅಣ್ಣ ಸತ್ಯನಾರಾಯಣರಾವ್ ಕಟ್ಟಿಸಿದ ತಂದೆ ತಾಯಿಯ ಸ್ಮಾರಕವಿದೆ. ದೊಡ್ಡದೇನಲ್ಲ. ಮುಂದೆ ನಿಂತರೆ ಸುತ್ತ ಮಾತುಗಳು: ಕಟ್ಟೆಯ ಮೇಲೆ ತೆಲುಗು, ಅಂಗಡಿಯಲ್ಲಿ ತಮಿಳು, ದಾರಿ ಕೇಳಿದ ನಿಮಗೆ ಉತ್ತರ ಕನ್ನಡದಲ್ಲಿ. ಆ ಉತ್ತರ ಕೊಟ್ಟವರಿಗೆ ನಿಮ್ಮದು ಯಾವ ಭಾಷೆ ಎಂದು ಕೇಳಿ ನೋಡಿ. ಪ್ರಶ್ನೆಯೇ ಅವರಿಗೆ ಅರ್ಥವಾಗುವುದಿಲ್ಲ. ಎಲ್ಲಿ, ಯಾರ ಹತ್ತಿರ, ಎಂದು ಮರುಪ್ರಶ್ನೆ ಹಾಕುತ್ತಾರೆ.

ಬೆಂಗಳೂರಿನಲ್ಲೂ ಚೆನ್ನೈಯಲ್ಲೂ ಈ ಪ್ರಶ್ನೆಯನ್ನು ರಜನಿಗೆ ಬಿಡದೆ ಕೇಳಿದರು. 2008ರಲ್ಲಿ ಹೊಗೇನಕಲ್ ನೀರಿನ ಯೋಜನೆಯ ಪರವಾಗಿ ಚೆನ್ನೈಯಲ್ಲಿ ಆಡಿದ ಮಾತು ಕರ್ನಾಟಕದಲ್ಲಿ ಕಿಡಿ ಹೊತ್ತಿಸಿತು. 'ಕುಸೇಲನ್' ಬಿಡುಗಡೆಯ ಹೊತ್ತಿಗೆ ವಿಷಾದ ಹೇಳಬೇಕಾಯಿತು, ಆಗ ತಮಿಳುನಾಡಿನವರು ಸಿಟ್ಟಾದರು. ಆ ನೀರು ಯಾರಿಗೆಂದು ಕೇಳಿದವರು ಕಡಿಮೆ. ಧರ್ಮಪುರಿ ಮತ್ತು ಕೃಷ್ಣಗಿರಿ ಜಿಲ್ಲೆಗಳಿಗೆ, ಅಂದರೆ ಅವನ ಅಜ್ಜನ ಜಿಲ್ಲೆಗೆ. 2018ರಲ್ಲಿ 'ಕಾಲಾ' ಕರ್ನಾಟಕದಲ್ಲಿ ಬಿಡುಗಡೆಗೆ ತಡವರಿಸಿದಾಗ ಬೆಂಗಳೂರಿನ ಅಭಿಮಾನಿಗಳು ಬೈಕು ಹತ್ತಿ ಹೊಸೂರಿನ ಥಿಯೇಟರಿಗೆ ಬಂದರು. ಹನುಮಂತನಗರದ ಹುಡುಗನನ್ನು ನೋಡಲು ಹನುಮಂತನಗರದವರು ಗಡಿ ದಾಟಿದರು.

ಸಂಜೆ. ಹೊಸೂರಿಗೆ ವಾಪಸು ಹೋಗುವ ಬಸ್ಸಿನಲ್ಲಿ ಕೂತಿದ್ದೀರಿ, ಇದು ಬೇರೆ ಬಸ್ಸು, ಬೇರೆ ಕಂಡಕ್ಟರ್. ಇವನು ಕಂಬ ಹಿಡಿದೇ ನಡೆಯುತ್ತಾನೆ, ಯಾರ ಮುಖವನ್ನೂ ನೋಡುವುದಿಲ್ಲ. ಟಿಕೆಟ್ಟಿಗೆಂದು ಜೇಬಿಗೆ ಕೈ ಹಾಕಿದರೆ ಬೆರಳಿಗೆ ಬೆಳಗಿನ ಚೀಟಿ ಸಿಗುತ್ತದೆ. ಹಿಂದುಮುಂದು ಮಾಡುತ್ತೀರಿ. ಬೆನ್ನ ಮೇಲೆ ಪೆನ್ನಿನಲ್ಲಿ ಬರೆದ ಅಂಕಿ, ಸುತ್ತಲೂ ಸೊನ್ನೆ. ಕೃಷ್ಣಗಿರಿಯಲ್ಲಿ ಇಳಿಯುವಾಗ ಇಸ್ಕೊಳ್ಳಲು ಮರೆತೇ ಹೋಗಿದೆ.